ಮೂರು ಬಾಯಿಯ ಕೋವಿ

ಎಲೆಕ್ಷನ್ ಬಂತೆಂದರೆ ನಮ್ಮ ಜಗಲಿಯ ಗೋಡೆಯಲ್ಲಿ ಕೋವಿ ತೂಗುವ ಎರಡು ಮೊಳೆ ಖಾಲಿಯಾಗುತ್ತಿದ್ದ ದಿನಗಳು ಅವು. ಲೈಸೆನ್ಸಿನ ಕೋವಿ ಇದ್ದವರೆಲ್ಲ ಓಟು ಮುಗಿಯುವ ತನಕ ಅದನ್ನು ಠಾಣೆಯಲ್ಲಿ ಇಟ್ಟು ಬರಬೇಕು. ನಿಮ್ಮ ಮನೆಯಲ್ಲೂ ಹಾಗೇ ಇದ್ದಿರಬಹುದು. ಅಪ್ಪ, ಬಾಯಿಯಿಂದ ಮದ್ದು ತುಂಬುವ ಅಜ್ಜನ ಕಾಲದ ಕೇಪಿನ ಕೋವಿಯನ್ನು ಹಳೇ ಪಂಚೆಯಲ್ಲಿ ಸುತ್ತಿ, ಕೆರೆಕಟ್ಟೆಯಿಂದ ಬೆಳಗಿನ ಬಸ್ಸಿಗೆ ಶೃಂಗೇರಿಗೆ ಹೊರಟರು. ಜ್ವರದ ಮಗುವನ್ನು ಆಸ್ಪತ್ರೆಗೆ ಒಯ್ಯುವವರ ಹಾಗೆ ಎದೆಗೆ ಒರಗಿಸಿಕೊಂಡಿದ್ದರು. ನಾನು ಐದನೇ ಕ್ಲಾಸು ಮುಗಿಸಿದ ರಜೆ ಅದು.

ಕೋವಿ ಹೋದದ್ದು ಮಂಗಗಳಿಗೆ ಹೇಗೆ ತಿಳಿಯಿತೋ, ಮೊದಲು ಬಾಳೆಗೆ ಬಂದವು, ಆಮೇಲೆ ಅಂಗಳಕ್ಕೇ ಇಳಿದವು. ಅಂಗಳದ ತುಂಬ ಚಾಪೆ, ಚಾಪೆಯ ತುಂಬ ಹಲಸಿನ ಹಪ್ಪಳ. ಬಿಸಿಲಿಗೆ ಹಲಸು, ಜೀರಿಗೆ, ಮೆಣಸು ಸೇರಿ ಏಳುವ ಆ ವಾಸನೆ ಈಗ ಬರೆಯುವಾಗಲೂ ಮೂಗಿಗೆ ಬರುತ್ತಿದೆ. ಕಾಯುವ ಕೆಲಸ ನನ್ನದು. ಕೈಯಲ್ಲಿ ಪೆಟ್ಲು, ಅಂದರೆ ಬಿದಿರಿನ ಆಟದ ಕೋವಿ. ಜೊತೆಗೆ ನಾಯಿ ಕರಿಯ. ಬಾಯಲ್ಲಿ ಕದ್ದ ಹಪ್ಪಳದ ಹಿಟ್ಟು.

ಹಪ್ಪಳದ ಯಜಮಾನಿಕೆ ಅಜ್ಜಿಯದು. ಹಪ್ಪಳದ್ದೇನು, ಎಲ್ಲದರದ್ದೂ. ಹಿಟ್ಟಿಗೆ ಉಪ್ಪು, ಅನ್ನಕ್ಕೆ ನೀರು, ಕೆಮ್ಮಿಗೆ ಕಷಾಯ, ಯಾವುದಕ್ಕಾದರೂ ಅಮ್ಮ ಒಲೆಯ ಹತ್ತಿರದಿಂದ "ಅತ್ತೇ, ಎಷ್ಟು?" ಎಂದು ಕೂಗುತ್ತಿದ್ದಳು. ಅಜ್ಜಿ ಜಗಲಿಯಲ್ಲಿ ಕೂತೇ, ಪಾತ್ರೆ ನೋಡದೆಯೇ ಹೇಳುತ್ತಿದ್ದಳು. ತಪ್ಪಿದ್ದು ನನಗೆ ನೆನಪಿಲ್ಲ.

ಕೊಪ್ಪದಲ್ಲಿ ವೆಲ್ಡಿಂಗ್ ಕೆಲಸಕ್ಕೆ ಹೋಗುತ್ತಿದ್ದ ರವಿ ಚಿಕ್ಕಪ್ಪ ಆ ವಾರ ಮನೆಗೆ ಬಂದವನು ನನ್ನನ್ನು ನೋಡಿ ನಕ್ಕ.

"ನಿನ್ನ ಪೆಟ್ಲಿಗೆ ಮಂಗವೂ ನಗ್ತದೆ ಮಾರಾಯ್ತಿ. ಇರು, ನಾನು ಎಂತ ತರ್ತೀನಿ ನೋಡು."

ತಂದ. ಮಂಗ ಓಡಿಸುವ ಕಾರ್ಬೈಡಿನ ಪೈಪು ಆಗ ಅಲ್ಲಲ್ಲಿ ಬರತೊಡಗಿತ್ತು. ಗುಂಡಿಲ್ಲ, ಬರೀ ಸದ್ದು. ಕಾರ್ಬೈಡಿಗೆ ನೀರು ತಾಗಿದರೆ ಗ್ಯಾಸ್ ಹುಟ್ಟುತ್ತದೆ, ಗ್ಯಾಸಿಗೆ ಕಿಡಿ ತಾಗಿದರೆ ಢಂ. ಆದರೆ ಚಿಕ್ಕಪ್ಪನದಕ್ಕೆ ಮೂರು ಬಾಯಿ. ಬೆರಳು ಅಗಲಿಸಿದ ಹಾಗೆ ಮೂರು ಕಡೆಗೆ ಚಾಚಿಕೊಂಡಿದ್ದವು. ಒಂದೊಂದು ಬಾಯಿಗೂ ಬೇರೆ ಕಾರ್ಬೈಡು, ಕಿಡಿ ಹೊತ್ತಿಸಲು ಮೂರಕ್ಕೂ ಒಂದೇ ಸ್ವಿಚ್ಚು.

ಈಗ ನನಗೆ ಹಳೇ ವಿಚಿತ್ರ ಬಂದೂಕುಗಳ ಹುಚ್ಚು. ಯಾರೂ ಕಲಿಸಿದ್ದಲ್ಲ, ಫೋನಿನಲ್ಲೇ ಹುಡುಕಿ ಹುಡುಕಿ ಓದಿದ್ದು. ಹಿಂದೆ ಹಡಗಿನ ಕಪ್ತಾನರು ಬಾತುಕೋಳಿಯ ಪಾದದ ಹಾಗೆ ನಳಿಗೆ ಹರಡಿಕೊಂಡ ಪಿಸ್ತೂಲು ಇಟ್ಟುಕೊಳ್ಳುತ್ತಿದ್ದರಂತೆ, ತಿರುಗಿಬಿದ್ದ ಗುಂಪನ್ನು ಹೆದರಿಸಲು. ಏಳು ನಳಿಗೆ ಒಟ್ಟಿಗೆ ಹಾರುವ ಬಂದೂಕೂ ಇತ್ತು, ಅದರ ಒದೆತ ಹೊಡೆದವನ ಹೆಗಲಿಗೇ ಕುತ್ತು. ಮೊದಲ ಸಲ ಆ ಬಾತುಕೋಳಿ ಪಾದದ ಚಿತ್ರ ಕಂಡಾಗ ನಾನು ಫೋನು ಮಗುಚಿಟ್ಟಿದ್ದೆ. ನಮ್ಮ ಅಂಗಳದಲ್ಲಿ ನೋಡಿದ್ದೆನಲ್ಲ ಅದನ್ನು.

"ಎಂತಕ್ಕೋ ಮೂರು ಬಾಯಿ?" ಅಜ್ಜಿ ಕೇಳಿದಳು.

"ಒಂದು ಬಾಯಿಗೆ ಮಂಗ ಹೆದರಲ್ಲ ಅಮ್ಮ. ನಿಂದೂ ಒಂದಿದೆಯಲ್ಲ, ಅದಕ್ಕೂ ಹೆದರ್ಲಿಲ್ಲ."

"ನೀನು ಹೆದರಿದ್ರೆ ಸಾಕಿತ್ತು ನಂಗೆ." ಅಜ್ಜಿ ಪೈಪನ್ನೇ ನೋಡುತ್ತಿದ್ದಳು. "ಮೂರೂ ಒಟ್ಟಿಗೆ ಕೂಗಿದ್ರೆ ಯಾವುದು ಸುಮ್ಮನಿತ್ತು ಅಂತ ಹೇಗೋ ಗೊತ್ತಾಗೋದು?"

ಚಿಕ್ಕಪ್ಪ ಸಿಡಿಸಿ ತೋರಿಸಿದ. ಎದುರಿನ ಗುಡ್ಡ ಆ ಸದ್ದನ್ನು ಹಿಡಿದು ವಾಪಸ್ ಎಸೆಯಿತು. ಮಂಗಗಳು ಹಲಸಿನ ಮರದಿಂದ ಉದುರಿದವು. ನಾನು ಕುಣಿದೆ. ಕರಿಯ ಸೌದೆ ರಾಶಿಯ ಅಡಿಗೆ ಹೋದದ್ದು ಅನ್ನಕ್ಕೂ ಬರಲಿಲ್ಲ. ಕೊಳೆತ ಬೆಳ್ಳುಳ್ಳಿಯಂಥ ವಾಸನೆ ಹಪ್ಪಳಕ್ಕೂ ಹತ್ತಿತು. ಆಮೇಲಿನ ದಿನಗಳಲ್ಲಿ ಮಂಗಗಳು ಬರುವುದು ನಿಂತಿತು, ಹಕ್ಕಿಗಳದ್ದೂ ಸದ್ದಿಲ್ಲ. ಅಂಗಳ ಯಾರೋ ಉಸಿರು ಬಿಗಿಹಿಡಿದ ಹಾಗಿರುತ್ತಿತ್ತು. ಆದರೂ ಚಿಕ್ಕಪ್ಪ ಸಿಡಿಸುತ್ತಲೇ ಇದ್ದ.

ಒಂದು ಮಧ್ಯಾಹ್ನ ಊಟವಾದ ಮೇಲೆ ಸಿಡಿಸಿದ. ಢಂ, ಢಂ. ಗುಡ್ಡದಿಂದಲೂ ಬಂತು.

"ಮೂರೂ ಆಯ್ತು," ಎಂದ ಚಿಕ್ಕಪ್ಪ.

"ಎರಡೇ," ಎಂದೆ ನಾನು.

"ಗುಡ್ಡದ್ದು ಸೇರಿ ಮೂರು," ಅಜ್ಜಿ ಜಗಲಿಯಿಂದ ಇಳಿದು ಬಂದಳು. "ಹತ್ರ ಹೋಗ್ಬೇಡ. ಒಂದು ಒಳಗೇ ಕೂತಿದೆ."

ಚಿಕ್ಕಪ್ಪ ನಿಂತ. ಅಜ್ಜನ ಕೋವಿ ಹಾರದೆ ಉಳಿದಾಗ ಎಂತ ಮಾಡಬೇಕೆಂದು ಆ ಮನೆಯಲ್ಲಿ ಗೊತ್ತಿದ್ದದ್ದು ಅಜ್ಜಿಗೆ. ಬಾಯಿಗೆ ನೀರು ಹೊಯ್ದು ಮದ್ದು ನೆನೆಸಿಬಿಡುವುದು. ಮದ್ದು ನೆನೆದರೆ ಕೋವಿ ಸತ್ತ ಹಾಗೆ. ಅವಳೇ ಚೊಂಬು ತಂದು ಅವನ ಕೈಗೆ ಕೊಟ್ಟಳು.

"ನೀರು ಹೊಯ್ಯಿ."

"ಅಮ್ಮ, ಇದಕ್ಕೆ ನೀರು..."

"ಹೊಯ್ಯಿ ಅಂದೆ. ನಿನ್ನ ಅಪ್ಪನ ಕೋವಿಗೆ ಎಷ್ಟು ಸಲ ಹೊಯ್ದಿಲ್ಲ ನಾನು."

ಯಾರ ಮಾತನ್ನೂ ಕೇಳದ ಚಿಕ್ಕಪ್ಪ ಅವತ್ತು ಕೇಳಿದ. ಅಜ್ಜಿಯ ಅಳತೆ ತಪ್ಪುವುದಿಲ್ಲವಲ್ಲ. ಪಕ್ಕದಿಂದ ಹೋಗಿ, ಮೆತ್ತಗೆ ಹೊಯ್ದ. ಏನೂ ಆಗಲಿಲ್ಲ. ಅಜ್ಜಿ ಸೆರಗಿನಿಂದ ಮುಖ ಒರೆಸಿಕೊಂಡಳು. ಚಿಕ್ಕಪ್ಪ ನನ್ನ ಕಡೆ ತಿರುಗಿ ನಕ್ಕು, ನೀರು ಒಳಗೆ ಇಳಿಯಿತೋ ಎಂದು ಬಗ್ಗಿ ನೋಡಿದ.

ಒಳಗೆ ಕಿಡಿ ಉಳಿದಿತ್ತೋ, ಅವನ ಕೈಯೇ ಸ್ವಿಚ್ಚಿಗೆ ತಾಗಿತೋ, ಇವತ್ತಿಗೂ ಗೊತ್ತಿಲ್ಲ. ಮೂರನೆಯದೂ ಆಯಿತು. ಗುಡ್ಡ ಅದನ್ನೂ ವಾಪಸ್ ಕೊಟ್ಟಿತು. ಚೊಂಬು ಹಪ್ಪಳದ ಮೇಲೆ ಉರುಳಿ ಉರುಳಿ ನಿಂತಿತು.

ಜೀಪಿನಲ್ಲಿ ಶೃಂಗೇರಿಗೆ, ಅಲ್ಲಿಂದ ಮಣಿಪಾಲಕ್ಕೆ. ಎಡಗಣ್ಣು ಉಳಿಯಿತು. ಬಲಗಣ್ಣು ಉಳಿಯಲಿಲ್ಲ.

ಓಟು ಮುಗಿದು ಅಪ್ಪ ಕೋವಿಯನ್ನು ವಾಪಸ್ ತಂದರು, ಮೊಳೆ ತುಂಬಿತು. ಚಿಕ್ಕಪ್ಪ ಈಗಲೂ ವೆಲ್ಡಿಂಗ್ ಮಾಡುತ್ತಾನೆ. "ಒಂದು ಕಣ್ಣು ಮುಚ್ಚಿ ನೋಡೋ ಕೆಲಸ ನಂದು ಉಳೀತು ನೋಡು," ಅನ್ನುತ್ತಾನೆ. ಅಜ್ಜಿ ಹತ್ತಿರ ಇದ್ದರೆ ಅನ್ನುವುದಿಲ್ಲ.

ವಿಚಿತ್ರ ಬಂದೂಕುಗಳ ಚಿತ್ರಗಳಲ್ಲಿ ನಳಿಗೆ ಇರುತ್ತದೆ, ಬೆರಳು ಒತ್ತುವ ಕುದುರೆ ಇರುತ್ತದೆ, ಮಾಡಿದವನ ಹೆಸರೂ ಇರುತ್ತದೆ. ಹಾರದೆ ಉಳಿದಾಗ ಪಕ್ಕದಲ್ಲಿ ನಿಂತು ಹೇಳಿದವರು ಯಾರು, ಕೇಳಿದವರು ಯಾರು ಎಂದು ಎಲ್ಲೂ ಬರೆದಿಲ್ಲ. ನಾನು ಹುಡುಕುವುದು ಅದನ್ನೇ ಏನೋ. ಅಜ್ಜಿಗೆ ತಿಳಿದದ್ದೇನೂ ಸುಳ್ಳಾಗಿರಲಿಲ್ಲ. ಅದು ಮೂರು ಬಾಯಿಯ ಕೋವಿಗೆ ಸಲ್ಲುವುದಾಗಿರಲಿಲ್ಲ, ಅಷ್ಟೇ. ಇದನ್ನು ಅವಳಿಗೆ ಹೇಳಿಯೂ ನೋಡಿದ್ದೇನೆ. ಹೂಂ ಅನ್ನುತ್ತಾಳೆ.

ಕಳೆದ ತಿಂಗಳು ಊರಿಗೆ ಹೋಗಿದ್ದೆ. ಅಮ್ಮ ಹಳೇ ಅಭ್ಯಾಸದಲ್ಲಿ ಒಲೆಯ ಹತ್ತಿರದಿಂದ ಕೂಗಿದಳು. "ಅತ್ತೇ, ಹೊಸ ಅಕ್ಕಿ. ನೀರು ಎಷ್ಟು ಹೊಯ್ಯಲಿ?"

ಜಗಲಿಯಲ್ಲಿ ಅಜ್ಜಿ ತನ್ನ ಕೈ ನೋಡಿಕೊಳ್ಳುತ್ತಾ ಕೂತಿದ್ದಳು.

"ನಂಗೆ ಗೊತ್ತಿಲ್ಲ ಮಗಾ," ಅಂದಳು. "ನಿಂಗೆ ಕಂಡಷ್ಟು ಹೊಯ್ಯಿ."