ಹಾಸಿಗೆ ಹಿಡಿದ ಹೆಂಡತಿ

ಹೋಟೆಲು, ಆಸ್ಪತ್ರೆಗಳ ಬಟ್ಟೆ ಒಗೆಯುವ ಆ ದೊಡ್ಡ ಲಾಂಡ್ರಿಯಲ್ಲಿ ಅವನನ್ನು ಎಲ್ಲರೂ ಇಸ್ತ್ರಿ ಎಂದೇ ಕರೆಯುತ್ತಿದ್ದರು. ಒದ್ದೆ ಬೆಡ್‌ಶೀಟುಗಳನ್ನು ಬಿಸಿ ರೋಲರಿನ ಬಾಯಿಗೆ ಕೊಡುವುದು ಅವನ ಕೆಲಸ. ಅಪ್ಪ ಅಮ್ಮ ಇಟ್ಟ ಹೆಸರು ಗೊತ್ತಿದ್ದದ್ದು ಕೆಲಸಕ್ಕೆ ಸೇರಿಸಿಕೊಂಡ ಹಳೆಯ ಮ್ಯಾನೇಜರಿಗೆ ಮಾತ್ರ, ಅವನು ನಿವೃತ್ತನಾಗಿ ಎಷ್ಟೋ ಕಾಲವಾಗಿತ್ತು. ಹೆಸರು ಹೋಗಿ ಇಸ್ತ್ರಿ ಉಳಿದದ್ದು ಅವನಿಗೂ ಅನುಕೂಲವೇ ಆಯಿತು.

ಅಜ್ಜ ಕೂಲಿಗೆಂದು ಹಡಗು ಹತ್ತಿ ಈ ಪರದೇಶಕ್ಕೆ ಬಂದವನು. ಅಪ್ಪ ಹುಟ್ಟಿದ್ದು ಇಲ್ಲಿ, ಇವನು ಹುಟ್ಟಿದ್ದೂ ಇಲ್ಲಿ. ಆದರೂ "ನಿಮ್ಮೂರು ಯಾವುದು?" ಎಂಬ ಪ್ರಶ್ನೆ ತಪ್ಪಿರಲಿಲ್ಲ. ಅದು ಅಭ್ಯಾಸವಾಗಿತ್ತು. ಅದರ ಬೆನ್ನಿಗೇ ಬರುವ "ನೀವು ಯಾವ ಪೈಕಿ?" ಎಂಬ ಪ್ರಶ್ನೆಗೆ ಮಾತ್ರ ಅವನು ಹೆದರುತ್ತಿದ್ದ. ಹಿಂದೆ ಒಂದು ಹೋಟೆಲಿನಲ್ಲಿ ಕೋಣೆ ಗುಡಿಸುತ್ತಿದ್ದಾಗ ಆ ಪ್ರಶ್ನೆಗೆ ನೆಟ್ಟಗೆ ಉತ್ತರ ಕೊಟ್ಟಿದ್ದ, ಮುಸಲ್ಮಾನ ಎಂದು. ಎಲ್ಲೋ ದೂರದ ಪಟ್ಟಣದಲ್ಲಿ ಯಾರೋ ತಲೆಕೆಟ್ಟವರು ಬಾಂಬ್ ಇಟ್ಟ ವಾರ, ಹೋಟೆಲಿನವರು ಇವನ ಕೈಯಿಂದ ಕೋಣೆಗಳ ಬೀಗದ ಕೈ ವಾಪಸ್ ಕೇಳಿದರು. ಬೈಯಲಿಲ್ಲ, ಕೂಗಾಡಲಿಲ್ಲ. "ಗಿರಾಕಿಗಳು ಹೆದರ್ತಾರಪ್ಪ, ತಪ್ಪು ತಿಳ್ಕೋಬೇಡ" ಎಂದು ಬಾಗಿಲವರೆಗೂ ಬಂದು ಮರ್ಯಾದೆಯಿಂದಲೇ ಬೀಳ್ಕೊಟ್ಟರು. ಬೀಗದ ಕೈ ಅವರಿಗೆ ಕೊಟ್ಟವನು ಬೀಗವನ್ನು ತನ್ನ ಬಾಯಿಗೆ ಹಾಕಿಕೊಂಡ.

ಲಾಂಡ್ರಿಯಲ್ಲಿ ತಾನು ಯಾವ ಪೈಕಿ ಎಂದು ಸುಳ್ಳು ಹೇಳುವ ಪ್ರಸಂಗವೇ ಬರಲಿಲ್ಲ. ಅಜ್ಜನ ನಾಡಿನಿಂದ ಎಲ್ಲ ಮತದವರೂ ಬಂದಿದ್ದರು. ಇವನು ತಮಗೆ ಒಗ್ಗುವ ಯಾವುದೋ ಪೈಕಿ ಎಂದು ಜನ ತಾವೇ ಅಂದುಕೊಂಡರು, ಇವನು ಅಲ್ಲವೆನ್ನಲಿಲ್ಲ. ಊಟದ ಬೆಂಚಿನಲ್ಲಿ ಮುಸಲ್ಮಾನರ ಮೇಲೆ ಯಾರಾದರೂ ಜೋಕು ಹೊಡೆದರೆ ಎಲ್ಲರ ಜೊತೆ ಇವನೂ ನಗುತ್ತಿದ್ದ, ಕೊಂಚ ತಡವಾಗಿ. ಉಪವಾಸದ ತಿಂಗಳು ಬಂತೆಂದರೆ ಗ್ಯಾಸ್ಟ್ರಿಕ್ ಎನ್ನುತ್ತಿದ್ದ.

"ವರ್ಷಕ್ಕೊಂದು ತಿಂಗಳು ತಪ್ಪದೆ ಕೆಡೋ ಹೊಟ್ಟೆ ಪ್ರಪಂಚದಲ್ಲಿ ನಿಂದೊಂದೇ ಕಣೋ" ಎಂದು ಬಾಯ್ಲರಣ್ಣ ನಗುತ್ತಿದ್ದ.

ಬಾಯ್ಲರಣ್ಣ ಆ ಲಾಂಡ್ರಿಗೆ ಉಗಿ ಕಾಯಿಸುವವನು. ತಲೆತಲಾಂತರದಿಂದ ಇಲ್ಲಿಯವನೇ, ಬೇರೆ ಮತದವನು. ಮಾತು ಒರಟು, ಮನಸ್ಸು ಬೆಣ್ಣೆ. ಇಸ್ತ್ರಿಯ ಬೆರಳು ರೋಲರಿಗೆ ಸಿಕ್ಕಿದ ದಿನ ಆಸ್ಪತ್ರೆಯಲ್ಲಿ ಪಕ್ಕ ಬಿಟ್ಟು ಕದಲದೆ ಕೂತವನು ಅವನೇ. ಅಲ್ಲಿಂದ ಇಬ್ಬರೂ ಅಣ್ಣ ತಮ್ಮ ಆಗಿಬಿಟ್ಟರು. ಭಾನುವಾರ ಸಂಜೆಯ ಚಹಾ ಅಣ್ಣನ ಮನೆಯಲ್ಲೇ.

ದೊಡ್ಡ ಸುಳ್ಳು ಹುಟ್ಟಿದ್ದು ಆ ಚಹಾದ ಮೇಜಿನ ಮೇಲೆ. ಅಣ್ಣನ ಹೆಂಡತಿ, ಇವನು ಅತ್ತಿಗೆ ಎನ್ನುವಾಕೆ, ಬಾಯ್ತುಂಬ ಕರೆದಳು. "ಮುಂದಿನ ವಾರ ನಿಮ್ಮ ಮನೆಯವರನ್ನೂ ಕರ್ಕೊಂಡ್ ಬನ್ನಿ. ಒಬ್ಬರೇ ಬಂದ್ರೆ ಚಹಾ ಇಲ್ಲ ನೋಡಿ."

ಇವನ ಹೆಂಡತಿ ತಲೆಗೆ ವಸ್ತ್ರ ಸುತ್ತದೆ ಹೊಸಿಲು ದಾಟುವವಳಲ್ಲ. ಅವಳು ಬಂದರೆ ಇವನ ಗುಟ್ಟು ಅವಳ ತಲೆಯ ಮೇಲೆ ಕೂತೇ ಬರುತ್ತಿತ್ತು. "ಅವಳು ಬರೋ ಸ್ಥಿತಿಲಿಲ್ಲ ಅತ್ತಿಗೆ. ಸೊಂಟದ ಕೆಳಗೆ ಶಕ್ತಿ ಇಲ್ಲ. ಹಾಸಿಗೆ ಹಿಡಿದಿದ್ದಾಳೆ" ಎಂದುಬಿಟ್ಟ. ನೋಡಲು ಬರುತ್ತೇವೆ ಎಂದರೆ, "ಯಾರಾದ್ರೂ ಬಂದ್ರೆ ನಾಚ್ಕೊಂಡು ಅಳ್ತಾಳೆ" ಎಂದ. ಒಂದು ಸುಳ್ಳಿಗೆ ಇನ್ನೊಂದು ಊರುಗೋಲು ಕೊಟ್ಟ.

ಆ ಹೊತ್ತಿನಲ್ಲಿ ಆ ಹೆಂಡತಿ ಎರಡು ಕೈಯಲ್ಲಿ ಎರಡು ಚೀಲ ಹಿಡಿದು ನಾಲ್ಕು ಮಹಡಿ ಹತ್ತುತ್ತಿದ್ದಳು. ಅವಳಿಗೆ ಇದಾವುದೂ ಗೊತ್ತಿರಲಿಲ್ಲ. ಅತ್ತಿಗೆ ಪ್ರತಿ ವಾರ ರೋಗಿಗೆಂದು ಡಬ್ಬಿ ಕಟ್ಟಿಕೊಡುತ್ತಿದ್ದಳು. ಅದರಲ್ಲಿದ್ದ ಮಾಂಸ ಇವರು ಮುಟ್ಟುವಂಥದ್ದಲ್ಲ. ಇಸ್ತ್ರಿ ಅದನ್ನು ಬಸ್‌ಸ್ಟಾಪಿನ ಕಸದ ತೊಟ್ಟಿಗೆ ಸುರಿದು, ಡಬ್ಬಿಯನ್ನು ನಲ್ಲಿಯಲ್ಲಿ ತಿಕ್ಕಿ ತೊಳೆದು, ಮುಂದಿನ ವಾರ "ತುಂಬ ಇಷ್ಟಪಟ್ಟಳು" ಎಂದು ವಾಪಸ್ ಕೊಡುತ್ತಿದ್ದ. ಹೀಗೆ ವರ್ಷಗಳು ಕಳೆದವು. ಮನುಷ್ಯನಿಗೆ ಎಲ್ಲವೂ ರೂಢಿಯಾಗುತ್ತದೆ, ಇದೂ ಆಯಿತು.

ಒಂದು ದಿನ ಬಾಯ್ಲರಣ್ಣ ಆಸ್ಪತ್ರೆಯ ಗುಜರಿಯಿಂದ ಮುರುಕಲು ಗಾಲಿಕುರ್ಚಿಯೊಂದನ್ನು ಎತ್ತಿಕೊಂಡು ಬಂದ. ಕೆಲಸ ಮುಗಿದ ಮೇಲೆ ಮನೆಯಲ್ಲಿ ಕೂತು ರಿಪೇರಿಗೆ ಶುರು ಮಾಡಿದ. "ಬರೋ ಭಾನುವಾರ ನಾನೇ ನಿಮ್ಮನೆಗೆ ಬರ್ತೀನಿ. ನಾಲ್ಕು ಮಹಡಿ ಅವಳನ್ನ ಎತ್ಕೊಂಡ್ ಇಳಿಸ್ತೀನಿ, ನನ್ನ ಸ್ವಂತ ತಂಗಿ ಥರ. ಬೇಡಗೀಡ ಅಂದ್ರೆ ಒದ್ದುಬಿಡ್ತೀನಿ ಅಷ್ಟೇ."

ಇಸ್ತ್ರಿಗೆ ಇನ್ನು ನಿಜ ಹೇಳಿಬಿಡುವುದೊಂದೇ ದಾರಿ. ಆ ವಾರವೆಲ್ಲ ಬಾಯ್ಲರಿನ ಕೋಣೆಯ ಬಾಗಿಲಿಗೆ ಹೋಗಿ ನಿಲ್ಲುವುದು, "ಅಣ್ಣ, ಒಂದು ಮಾತು" ಎನ್ನುವುದು, ಅವನು ತಿರುಗಿದ ಕೂಡಲೇ "ಏನಿಲ್ಲ, ಉಗಿ ಕಮ್ಮಿ ಬರ್ತಿದೆ" ಎಂದು ವಾಪಸಾಗುವುದು. ಪಾಪ, ಅಣ್ಣ ಅದನ್ನೂ ನಂಬಿ ಉಗಿ ಹೆಚ್ಚಿಸುತ್ತಿದ್ದ.

ಶನಿವಾರ ಬೆಳಿಗ್ಗೆ ರೋಲರುಗಳು ಒಮ್ಮೆಲೇ ನಿಂತವು. ಆ ಯಂತ್ರಗಳ ಗದ್ದಲದಲ್ಲಿ ಕಿರುಚಿದರೂ ಪಕ್ಕದವರಿಗೆ ಕೇಳಿಸುವುದಿಲ್ಲ. ಹೊಸ ಮ್ಯಾನೇಜರ್ ಸುದ್ದಿ ಹೇಳಲೆಂದೇ ಎಲ್ಲವನ್ನೂ ಆರಿಸಿದ್ದ. "ಬಾಯ್ಲರಣ್ಣ ಹೋಗ್ಬಿಟ್ರಂತೆ. ಬೆಳಗಿನ ಜಾವ, ಮನೇಲಿ. ಹಾರ್ಟ್" ಎಂದ.

ಇಸ್ತ್ರಿಗೆ ಮೊದಲು ಅನಿಸಿದ್ದು ಸಮಾಧಾನ. ಹೇಳಲು ನಾಚಿಕೆಯಾಗುತ್ತದೆ, ಆದರೆ ಅದೇ ನಿಜ. ನಾಳೆ ಯಾರೂ ಮಹಡಿ ಹತ್ತಿ ಬರುವುದಿಲ್ಲ. ಅದರ ಹಿಂದೆಯೇ ದುಃಖ ನುಗ್ಗಿ ಬಂದು ಎದೆ ಒಡೆಯಿತು, ಬಾಯಿ ತಾನಾಗಿ ತೆರೆಯಿತು. ಸಾವಿನ ಸುದ್ದಿ ಕೇಳಿದೊಡನೆ ಹೇಳಬೇಕೆಂದು ತಾಯಿ ಕಲಿಸಿದ್ದ ಮಾತು, ನಾವು ದೇವರಿಗೆ ಸೇರಿದವರು, ಅವನಲ್ಲಿಗೇ ಮರಳುವವರು ಎಂಬ ಮಾತು, ಅರಬ್ಬಿಯಲ್ಲಿ ಹೊರಬಿತ್ತು.

"ಇನ್ನಾ ಲಿಲ್ಲಾಹಿ ವ ಇನ್ನಾ ಇಲೈಹಿ ರಾಜಿಊನ್."

ಇಡೀ ಹಾಲಿಗೆ ಕೇಳಿಸಿತು. ಎದುರು ನಿಂತು ಬೆಡ್‌ಶೀಟಿನ ಇನ್ನೊಂದು ತುದಿ ಹಿಡಿದಿದ್ದ ಹೆಂಗಸು ಕೈಬಿಟ್ಟಳು.

ಮಧ್ಯಾಹ್ನ ಬೆಂಚಿನಲ್ಲಿ ಅವನ ಎರಡೂ ಪಕ್ಕ ಖಾಲಿ. ಯಾರೂ ಬೈಯಲಿಲ್ಲ. ಆ ಹೆಂಗಸು ಮಾತ್ರ ತಡೆಯಲಾರದೆ ಕೇಳಿದಳು. "ಇಷ್ಟು ವರ್ಷ ನಮ್ಮ ಮಧ್ಯೆ ಕೂತು, ನಾವು ಆಡಿದ್ದೆಲ್ಲ ಕೇಳಿಸ್ಕೊಂಡು, ನಮ್ ಜೊತೇನೇ ನಗ್ತಿದ್ಯಲ್ಲ. ಮನಸ್ಸಲ್ಲಿ ಏನ್ ಅಂದ್ಕೋತಿದ್ದೆ?"

ಮನೆಗೆ ಬಂದು ಹೆಂಡತಿಗೆ ಎಲ್ಲ ಒಪ್ಪಿಸಿದ. ಡಬ್ಬಿಯ ವಿಷಯವನ್ನೂ ಬಿಡಲಿಲ್ಲ.

"ನಂಗೆ ಕಾಲಿಲ್ಲ ಅಂದ್ಬಿಟ್ರಾ?"

"ಬೇರೆ ದಾರಿ ಹೊಳೀಲಿಲ್ಲ."

"ಸತ್ತುಹೋದ್ಲು ಅಂದಿದ್ರೆ ಇನ್ನೂ ಸುಲಭ ಆಗ್ತಿತ್ತಲ್ಲ ರೀ." ಎದ್ದು ತಲೆಗೆ ವಸ್ತ್ರ ಸುತ್ತಿಕೊಂಡಳು. "ನಡೀರಿ. ಅಷ್ಟು ದಿನ ಅನ್ನ ಕಳಿಸಿದ ಮನೆ ಅದು. ನಾನು ನಡ್ಕೊಂಡೇ ಬರ್ತೀನಿ."

ಅತ್ತಿಗೆಯ ಮನೆ ಇದ್ದದ್ದು ಎರಡನೆಯ ಮಹಡಿಯಲ್ಲಿ. ಬಾಗಿಲು ತೆಗೆದವಳು ಅತ್ತಿಗೆಯೇ. ಅತ್ತು ಮುಖ ಊದಿಕೊಂಡಿತ್ತು. ಇವನನ್ನು ಕಂಡು, "ಲಾಂಡ್ರಿಯವರು ಬಂದಿದ್ರು. ನೀವು ಯಾರು ಅಂತ ಹೇಳಿದ್ರು. ಅದಕ್ಕೇನೀಗ, ಅವರ ತಮ್ಮ ಅಲ್ವಾ ಅಂದೆ ನಾನು" ಎಂದಳು. ಆಮೇಲೆ ಅವಳ ಕಣ್ಣು ಪಕ್ಕಕ್ಕೆ ಹೊರಳಿತು. "ಇವರು?"

"ನನ್ನ ಹೆಂಡತಿ, ಅತ್ತಿಗೆ."

ಅತ್ತಿಗೆ ಆ ಹೆಂಗಸಿನ ಮುಖ ನೋಡಲಿಲ್ಲ, ತಲೆಯ ವಸ್ತ್ರವನ್ನೂ ನೋಡಲಿಲ್ಲ. ಕೆಳಗೆ, ಎರಡು ಪಾದಗಳನ್ನು ನೋಡಿದಳು.

"ಇದನ್ನ ಲಾಂಡ್ರಿಯವರು ಹೇಳಲಿಲ್ಲ" ಎಂದಳು. "ನಮ್ಮನೆಯವರು ನಿನ್ನೆ ಎದೆನೋವು ಅಂತಿದ್ರು. ಮಲ್ಕೊಳ್ಳಿ ಅಂದ್ರೆ ಕೇಳಲಿಲ್ಲ. ಭಾನುವಾರದೊಳಗೆ ಆ ಕುರ್ಚಿಗೆ ಚಕ್ರ ಕೂರಿಸ್ಬೇಕು ಅಂತ ರಾತ್ರಿಯೆಲ್ಲ ಕೂತಿದ್ರು."

ಇಸ್ತ್ರಿಯ ಹೆಂಡತಿ ಬಾಯಿಗೆ ಸೆರಗು ಒತ್ತಿಕೊಂಡು ಅತ್ತುಬಿಟ್ಟಳು. ಅತ್ತಿಗೆ ಅವಳ ಕೈ ಹಿಡಿದಳು. "ನೀನು ಒಳಗೆ ಬಾಮ್ಮ. ನಿಂದೇನಿದೆ ಇದ್ರಲ್ಲಿ." ಇವನೂ ಹೆಜ್ಜೆ ಎತ್ತಿದ.

"ನೀವು ಬೇಡ."

ಹೆಂಡತಿ ಒಳಗೆ ಹೋದಳು, ತಿರುಗಿ ನೋಡಲಿಲ್ಲ. ಸಂಜೆ ಶವ ಇಳಿಸುವಾಗಲೂ ಅವನು ಆ ಇಕ್ಕಟ್ಟಿನ ಮೆಟ್ಟಿಲಲ್ಲೇ ನಿಂತಿದ್ದ. ಹೊತ್ತಿದ್ದ ಲಾಂಡ್ರಿಯವರಲ್ಲಿ ಒಬ್ಬ ಸುಸ್ತಾಗಿ, "ಯಾರಾದ್ರೂ ಹೆಗಲು ಬದಲಿಸ್ರಪ್ಪಾ" ಎಂದು ಕೂಗಿದ. ಇಸ್ತ್ರಿ ಕೈ ಚಾಚಿದ. ಕೂಗಿದವನು ಅವನ ಮುಖ ನೋಡಿ, "ಬೇಡ, ಆಗುತ್ತೆ" ಎಂದ. ಇಸ್ತ್ರಿ ಗೋಡೆಗೆ ಬೆನ್ನು ಒತ್ತಿ ನಿಂತು ಅಣ್ಣನಿಗೆ ದಾರಿ ಬಿಟ್ಟ.