ಹೊಗೆಯ ಪಾಲು

ಪೇಟೆಯಲ್ಲಿ ಕಾಫಿ ಬೀಜ ಹುರಿದು ಮಾರುವ ಆ ಹೆಂಗಸನ್ನು ಎಲ್ಲರೂ ಕರೆಯುವುದು ‘ಲೆಕ್ಕದಕ್ಕ’ ಎಂದೇ. ಅವಳ ಅಂಗಡಿಯಲ್ಲಿ ಎರಡು ತಕ್ಕಡಿಗಳಿವೆ. ಒಂದು ಗಿರಾಕಿಗಳ ಮುಂದೆ, ಇನ್ನೊಂದು ಒಳಕೋಣೆಯಲ್ಲಿ, ಬೀಜ ಹುರಿಯುವ ಡ್ರಮ್ಮಿನ ಪಕ್ಕದಲ್ಲಿ. ಒಳಗಿನದು ಯಾಕೆ ಎಂದು ಯಾರಾದರೂ ಕೇಳಿದರೋ, ಮುಗಿಯಿತು. “ಅದು ನಮ್ಮ ಚಿಕ್ಕಪ್ಪನ ಮಾನ ಉಳಿಸಿದ ತಕ್ಕಡಿ, ಕೂತ್ಕೊಳ್ಳಿ ಹೇಳ್ತೀನಿ” ಎಂದು ಸ್ಟೂಲು ಎಳೆಯುತ್ತಾಳೆ. ಅವಸರದಲ್ಲಿ ಇರುವವರು ಆ ಪ್ರಶ್ನೆ ಕೇಳಲೇಬಾರದು.

ಆಗ ಅವಳಿಗೆ ಹತ್ತೊಂಬತ್ತು. ಅಪ್ಪ ಇಪ್ಪತ್ತು ವರ್ಷ ಕಾಳುಕಡಿ ಮಾರಿದವನು. ನೂರು ಕಿಲೋ ಒಳಗೆ ಬಂದರೆ ನೂರು ಕಿಲೋ ಹೊರಗೆ ಹೋಗಬೇಕು, ಇಲಿ ತಿಂದದ್ದನ್ನು ಬಿಟ್ಟು. ಅವನಿಗೆ ಗೊತ್ತಿದ್ದ ವ್ಯಾಪಾರ ಅದೊಂದೇ. ಅದೇ ತಲೆ ಇಟ್ಟುಕೊಂಡು ಕಾಫಿಗೆ ಕೈಹಾಕಿದ. ಹಸಿ ಬೀಜ ಕಿಲೋಗೆ ಐನೂರರಂತೆ ಕೊಳ್ಳುವುದು, ಹಿಂದಿನ ಕೋಣೆಯಲ್ಲಿ ತಮ್ಮನ ಕೈಯಲ್ಲಿ ಕಪ್ಪಗೆ ಹುರಿಸುವುದು, ಆರುನೂರಕ್ಕೆ ಮಾರುವುದು. “ನೂರಕ್ಕೆ ಇಪ್ಪತ್ತು ಲಾಭ, ಕಣ್ಮುಚ್ಕೊಂಡು ಮಾರಬಹುದು!” ಎಂದು ಮೀಸೆ ತಿರುವುತ್ತಿದ್ದ. ಕಣ್ಣು ಮುಚ್ಚಿಕೊಂಡೇ ಮಾರಿದ, ಪುಣ್ಯಾತ್ಮ.

ಅಂಗಡಿಯಲ್ಲಿ ಜನ ನೂಕುನುಗ್ಗಲು. ಗಲ್ಲಾಪೆಟ್ಟಿಗೆಯಲ್ಲಿ ಮಾತ್ರ ಏನೂ ನಿಲ್ಲುವುದಿಲ್ಲ. ಮೂರನೆಯ ವರ್ಷ ಅಮ್ಮನ ಬಳೆ ಮಾರಿದ ಮೇಲೆ ಅಪ್ಪ, ಬೀಜ ಕೊಂಡ ಲೆಕ್ಕದ ಚೀಟಿಗಳನ್ನೂ ಮಾರಿದ ಚೀಟಿಗಳನ್ನೂ ಎದುರುಬದುರು ಇಟ್ಟು ಕೂಡಿದ. ಕೊಂಡ ಪ್ರತಿ ನೂರು ಕಿಲೋದಲ್ಲಿ ಮಾರಾಟವಾದದ್ದು ಎಂಬತ್ತೇ. ಉಳಿದ ಇಪ್ಪತ್ತು ಎಲ್ಲಿ? ಹಿಂದಿನ ಕೋಣೆಗೆ ಹೋಗುತ್ತಿದ್ದವನು ಒಬ್ಬನೇ.

“ಬೇಲಿನೇ ಎದ್ದು ಹೊಲ ಮೇಯ್ತು ಕಣೋ” ಎಂದ ಅಪ್ಪ, ತಮ್ಮನ ಮುಖಕ್ಕೇ. “ನಾಳೆ ಬೆಳಿಗ್ಗೆ ನಿನ್ನ ದಾರಿ ನೀನು ನೋಡ್ಕೋ.”

ಚಿಕ್ಕಪ್ಪ ಪಾಪ, ಸುಳ್ಳು ಹೇಳಲು ಬಾರದ ಪ್ರಾಣಿ. “ಹುರಿದ ಮೇಲೆ ಬೀಜ ಉಬ್ಬಿ ಡಬ್ಬಿ ತುಂಬಿ ಚೆಲ್ಲುತ್ತೆ ಅಣ್ಣ, ಜಾಸ್ತಿನೇ ಆಗುತ್ತೆ. ಕಡಿಮೆ ಹೇಗಾಯ್ತೋ ನಂಗೂ ಗೊತ್ತಾಗ್ತಿಲ್ಲ” ಎಂದುಬಿಟ್ಟ. ತನ್ನ ಗುಂಡಿಯನ್ನು ತಾನೇ ತೋಡಿಕೊಂಡ ಹಾಗಾಯಿತು. ಜಾಸ್ತಿಯಾಗುವ ಮಾಲು ಕಡಿಮೆಯಾದರೆ ಕದ್ದವನು ಯಾರು? ಚಿಕ್ಕಪ್ಪ ಒಳಗೆ ಹೋಗಿ ಬಟ್ಟೆ ಮಡಚಿ ಚೀಲಕ್ಕೆ ತುಂಬತೊಡಗಿದ.

ಹುಡುಗಿ ಇದನ್ನೆಲ್ಲ ನೋಡುತ್ತಿದ್ದಳು. ಅವಳನ್ನು ಹೆಗಲ ಮೇಲೆ ಹೊತ್ತು ಬೆಳೆಸಿದ ಚಿಕ್ಕಪ್ಪ ಅವನು. ಕಳ್ಳನೆಂಬ ಹೆಸರು ಹೊತ್ತು ಹೊಸಿಲು ದಾಟುವುದೆಂದರೇನು? ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಅನ್ನುತ್ತಾರೆ, ಈ ಮನೆಯಲ್ಲಿ ಪ್ರತ್ಯಕ್ಷವನ್ನೇ ಯಾರೂ ಕಂಡಿರಲಿಲ್ಲ. ಬೆಳಗಾಗುತ್ತಲೇ ಗಿರಾಕಿಗಳ ತಕ್ಕಡಿಯನ್ನು ಎತ್ತಿ ಒಳಗೆ ತಂದಳು. ಅಪ್ಪನನ್ನು ಬಾಗಿಲಲ್ಲಿ ಕೂರಿಸಿದಳು.

“ಹತ್ತು ಕಿಲೋ ತೂಗಿ ಹಾಕ್ತಿದ್ದೀನಿ, ನೋಡ್ಕೋ. ಚಿಕ್ಕಪ್ಪ, ನೀನು ಹುರಿ. ಅಪ್ಪ, ನೀನು ಅವನ ಕೈ ಬಿಟ್ಟು ಬೇರೆ ಏನೂ ನೋಡಬೇಡ.”

ಬೀಜ ಚಟಪಟ ಸಿಡಿಯಿತು, ಹೊಗೆ ಕಿಟಕಿಯಿಂದ ಹೊರಗೆ ಹೋಯಿತು. ಹಾಕುವಾಗ ಎರಡು ಡಬ್ಬಿ ಇದ್ದದ್ದು ತೆಗೆಯುವಾಗ ಮೂರು ಡಬ್ಬಿ ತುಂಬಿತು. “ನೋಡಿದ್ಯಾ, ಜಾಸ್ತಿ ಆಯ್ತಲ್ಲ!” ಎಂದು ಅಪ್ಪ ಎದ್ದ. ಅವಳು ಮೂರನ್ನೂ ತಕ್ಕಡಿಗೆ ಸುರಿದಳು. ಎಂಟು ಕಿಲೋ!

ತಕ್ಕಡಿ ಕೆಟ್ಟಿದೆ ಎಂದ ಅಪ್ಪ. ತಾನೇ ತೂಕದ ಕಲ್ಲು ಇಟ್ಟು ಪರೀಕ್ಷಿಸಿದ, ಸರಿಯಾಗಿಯೇ ಇತ್ತು. ಇನ್ನೊಂದು ಹತ್ತು ಕಿಲೋ ಹುರಿಸಿದ. ಮತ್ತೆ ಎಂಟೇ.

“ಕಳ್ಳ ಸಿಕ್ಕಿದ ಅಪ್ಪ” ಎಂದಳು ಕಿಟಕಿ ತೋರಿಸಿ. “ಬೀಜದೊಳಗಿನ ನೀರು ಹೊಗೆ ಜೊತೆ ಹೋಗುತ್ತೆ, ಬೀಜ ಬರೀ ಊದ್ಕೊಳ್ಳುತ್ತೆ. ಐವತ್ತು ಸಾವಿರ ಕೊಟ್ಟು ನೂರು ಕಿಲೋ ತರ್ತೀಯ, ಎಂಬತ್ತು ಕಿಲೋ ಆರುನೂರರ ಹಾಗೆ ಮಾರ್ತೀಯ. ನಲವತ್ತೆಂಟು ಸಾವಿರ. ನೂರಕ್ಕೆ ಇಪ್ಪತ್ತು ಲಾಭ ಎಲ್ಲಿ ಬಂತು? ನೂರಕ್ಕೆ ನಾಲ್ಕು ನಷ್ಟ!”

ಅಪ್ಪನ ಮುಖ ಹುಳ್ಳಗಾಯಿತು. ಆದರೂ ವ್ಯಾಪಾರಿ ವ್ಯಾಪಾರಿಯೇ. “ಇಪ್ಪತ್ತು ಹೋದ್ರೆ ರೇಟಿಗೆ ಇಪ್ಪತ್ತು ಪರ್ಸೆಂಟ್ ಏರಿಸಿದ್ರಾಯ್ತು. ಏಳುನೂರ ಇಪ್ಪತ್ತು.”

“ಆಗಲ್ಲ. ಲಾಭ ಸೇರಿ ನಿನಗೆ ಅರವತ್ತು ಸಾವಿರ ಬೇಕು, ಅದನ್ನ ಹೊರಬೇಕಾದ್ದು ಎಂಬತ್ತೇ ಕಿಲೋ. ಭಾಗಿಸು. ಏಳುನೂರ ಐವತ್ತು. ನೂರರಲ್ಲಿ ಇಪ್ಪತ್ತು ಕಳ್ಕೊಂಡ್ರೆ ತುಂಬಿಸೋಕೆ ಇಪ್ಪತ್ತೈದು ಏರಿಸಬೇಕು.”

ಅಪ್ಪ ಬೆರಳು ಮಡಚಿ ಎರಡು ಸಲ ಎಣಿಸಿದ. “ಹೌದಲ್ಲೇ!” ಎಂದ. ಏಳುನೂರ ಐವತ್ತರ ಹಲಗೆ ಅವತ್ತೇ ಬಾಗಿಲಿಗೆ ಬಿತ್ತು. ನಾಲ್ಕು ಗಿರಾಕಿಗಳು ಗೊಣಗುತ್ತ ಹೋದರು, ಮೂವರು ವಾರದೊಳಗೆ ವಾಪಸ್ಸು ಬಂದರು. ಆ ವರ್ಷವೇ ಅಮ್ಮನ ಕೈಗೆ ಬಳೆ ಬಂತು. ಹುಡುಗಿಗೆ ‘ಲೆಕ್ಕದಕ್ಕ’ ಎಂಬ ಹೆಸರು ಅಂಟಿದ್ದೂ ಆಗಲೇ.

ಅದೆಲ್ಲ ಆಮೇಲಿನ ಮಾತು. ಆ ಬೆಳಿಗ್ಗೆ ಚಿಕ್ಕಪ್ಪ ಡ್ರಮ್ಮಿನ ಬೆಂಕಿ ಆರಿಸಿ, ಕೈ ಒರೆಸಿಕೊಂಡು, ಚೀಲ ಹೆಗಲಿಗೆ ಹಾಕಿದ. ಅಪ್ಪ ಅಡ್ಡ ನಿಂತ. “ಲೆಕ್ಕ ಸರಿಹೋಯ್ತಲ್ಲೋ, ಇನ್ನೆಲ್ಲಿಗೆ?”

“ಕಾಫಿ ಲೆಕ್ಕ ಸರಿಹೋಯ್ತು ಅಣ್ಣ” ಎಂದ ಚಿಕ್ಕಪ್ಪ. “ಎಷ್ಟು ದಿನದಿಂದ ನನ್ನ ಜೇಬು ನೋಡ್ತಾ ಇದ್ದೆ ನೀನು? ಅದಕ್ಕೆ ಎಷ್ಟು ಪರ್ಸೆಂಟು?”

ಅಪ್ಪ ಸೊಂಟದಿಂದ ಗಲ್ಲಾಪೆಟ್ಟಿಗೆಯ ಬೀಗದಕೈ ಬಿಚ್ಚಿ, ತಮ್ಮನ ಮಸಿಗೈಯಲ್ಲಿಟ್ಟು, ಬೆರಳುಗಳನ್ನು ತಾನೇ ಮಡಚಿದ. ಚಿಕ್ಕಪ್ಪ ಚೀಲ ಕೆಳಗಿಳಿಸಿದ.

ಅಲ್ಲಿಂದ ಮುಂದೆ ಅಪ್ಪ ಬದುಕಿದ್ದ ಹದಿನೇಳು ವರ್ಷ, ಚಿಲ್ಲರೆ ಬೇಕಾದರೂ ತಮ್ಮನನ್ನು ಕೇಳಿ ಇಸಿದುಕೊಳ್ಳುತ್ತಿದ್ದ.