ಕುರುಡು ದಿನ ಯಾಕೆ ಬರುತ್ತಿಲ್ಲ?

ನನ್ನ ಗಂಡನ ಅಕ್ಕನ ಮೇಲೆ ನನಗೆ ಮೊದಲಿನಿಂದಲೂ ಅನುಮಾನ. ಮೆತ್ತಗೆ ಮಾತಾಡುತ್ತಾರೆ, ಬಾಗಿಲನ್ನು ಸದ್ದಿಲ್ಲದೆ ಹಾಕುತ್ತಾರೆ, ಸಕ್ಕರೆ ಡಬ್ಬಿಯನ್ನು ತೆಗೆದ ಜಾಗದಲ್ಲೇ ಇಡುತ್ತಾರೆ. ಇಷ್ಟೊಂದು ಸರಿಯಾಗಿರುವ ಮನುಷ್ಯರನ್ನು ನಂಬುವುದಾದರೂ ಹೇಗೆ?

ತಲೆ ನರೆಯುವವರೆಗೂ ಬಸ್ ಡಿಪೋದಲ್ಲಿ ದುಡಿದವರು. ಯಾವ ಬಸ್ಸು ಎಷ್ಟು ಹೊತ್ತಿಗೆ ಹೊರಡಬೇಕು, ಯಾವ ಡ್ರೈವರ್ ಎಲ್ಲಿ ಇಳಿದು ಊಟ ಮಾಡಬೇಕು ಎಂದು ಗೊತ್ತುಮಾಡುವುದೇ ಅವರ ಕೆಲಸ. ಡಿಪೋದವರೆಲ್ಲ ‘ಟೈಮ್‌ಟೇಬಲ್ ಅಕ್ಕ’ ಎಂದೇ ಕರೆಯುತ್ತಿದ್ದರು. ಹಾವು ಮುಂಗುಸಿಯಂತಿದ್ದ ಇಬ್ಬರು ಡ್ರೈವರುಗಳು ಒಂದೇ ಸ್ಟಾಪಿನಲ್ಲಿ ಎದುರಾಗದ ಹಾಗೆ ವರ್ಷಗಟ್ಟಲೆ ನೋಡಿಕೊಂಡರಂತೆ. ಹೇಗೆ ಎಂದು ಕೇಳಿದ್ದೆ. “ಒಂದು ಬಸ್ಸನ್ನ ಯಾರಿಗೂ ಗೊತ್ತಾಗದಷ್ಟು ತಡ ಮಾಡಿದ್ರೆ ಸಾಕಮ್ಮ” ಎಂದು ನಕ್ಕಿದ್ದರು. ಆ ನಗು ನನಗೆ ಹಿಡಿಸಿರಲಿಲ್ಲ.

ನಿವೃತ್ತರಾದ ಮೇಲೆ ನಮ್ಮ ಮನೆಯ ಹಿಂದಿನ ಕೋಣೆಗೆ ಬಂದರು. ಕರೆಸಿದ್ದು ನಮ್ಮ ಮನೆಯವರೇ. ಅವರು ಕತೆ ಬರೆಯುವವರು. ಅದೂ ಎಲ್ಲೂ ಇಲ್ಲದ ಲೋಕದ ಕತೆ. ಅಲ್ಲಿ ನದಿಗಳೇ ರಸ್ತೆ, ಆಕಾಶಕ್ಕೆ ಎರಡು ಚಂದ್ರ, ಕತೆಗೆ ಒಬ್ಬಳು ಅಂಬಿಗಿತ್ತಿ. ಮೊದಲ ಪುಸ್ತಕದಲ್ಲೇ ದಿನಗಳ ಲೆಕ್ಕ ಎಡವಟ್ಟಾಗಿ, ಒಂದೇ ಚಂದ್ರನಿಗೆ ಒಂದೇ ವಾರದಲ್ಲಿ ಎರಡು ಸಲ ಹುಣ್ಣಿಮೆ ಬಂದು, ಓದುಗರು ಕಿವಿ ಹಿಂಡಿದರು. “ಅಕ್ಕಾ, ಆ ಲೋಕಕ್ಕೆ ನೀನೇ ಒಂದು ಕ್ಯಾಲೆಂಡರ್ ಮಾಡ್ಕೊಡು” ಎಂದು ನಮ್ಮವರು ಗೋಗರೆದರು.

ಅತ್ತಿಗೆ ರಟ್ಟಿನಲ್ಲಿ ಮಾಡಿಕೊಟ್ಟರು. ಗೋಡೆಯ ಮೇಲೆ ಎರಡು ಹಲ್ಲಿನ ಚಕ್ರ, ಒಂದು ಹಾಲು ಚಂದ್ರನದು, ಇನ್ನೊಂದು ತಾಮ್ರ ಚಂದ್ರನದು. ತಿಂಗಳುಗಳ ಹೆಸರೂ ಅವರವೇ: ಹಗ್ಗ ಒಣಗಿಸುವ ತಿಂಗಳು, ದೋಣಿ ಮಗುಚಿಡುವ ತಿಂಗಳು, ನೆಂಟರನ್ನು ಕರೆಯಬಾರದ ತಿಂಗಳು. ಕೊನೆಯದನ್ನು ನನ್ನ ತಂಗಿ ಬಂದು ಹೋದ ವಾರವೇ ಇಟ್ಟದ್ದು. ಅದನ್ನು ನಾನು ಮರೆತಿಲ್ಲ. ಎರಡೂ ಚಂದ್ರ ಕಾಣದ ದಿನಕ್ಕೆ ಕುರುಡು ದಿನ ಎಂದು ಹೆಸರು. ಕುರುಡು ದಿನ ಬಂದಾಗ ಅಂಬಿಗಿತ್ತಿ ಸಾಯುತ್ತಾಳೆ ಎಂದು ಎರಡನೇ ಪುಸ್ತಕದಲ್ಲೇ ಒಬ್ಬ ಮುದುಕ ಭವಿಷ್ಯ ಹೇಳಿಯಾಗಿತ್ತು.

ಪುಸ್ತಕದ ಮೇಲೆ ಪುಸ್ತಕ ಬಂತು. ಆ ದಿನ ಮಾತ್ರ ಬರಲಿಲ್ಲ. ನಮ್ಮವರು ದಿನಾ ಬೆಳಿಗ್ಗೆ ಹಿಂದಿನ ಕೋಣೆಯ ಬಾಗಿಲಲ್ಲಿ ನಿಂತು ವಿಚಾರಿಸುವರು. “ಇನ್ನೂ ಇಲ್ಲ ಕಣೋ ಪುಟ್ಟಾ, ತಾಮ್ರದ್ದು ಸ್ವಲ್ಪ ಹಿಂದಿದೆ” ಎಂದು ಉತ್ತರ. ತಲೆ ಬೋಳಾದ ನಮ್ಮ ‘ಪುಟ್ಟ’ ಮುಖ ಸಪ್ಪೆ ಮಾಡಿಕೊಂಡು ವಾಪಸಾಗುವರು. ಊಟ ಸೇರದು, ನಿದ್ದೆ ಹತ್ತದು. ಪ್ರಕಾಶಕರು ಇದೇ ಕೊನೆಯ ಪುಸ್ತಕ ಎಂದುಬಿಟ್ಟಿದ್ದರು.

“ಸುಮ್ನೆ ಒಂದು ದಿನ ಹಾಕಿ ಸಾಯಿಸಿಬಿಡಿ” ಎಂದೆ.

“ಚಕ್ರ ತೋರಿಸದ ದಿನಾನ ಹೇಗೇ ಬರೀಲಿ? ಪುಸ್ತಕದ ಹಿಂದೆ ಕ್ಯಾಲೆಂಡರ್ ಅಚ್ಚಾಗಿದೆ, ಓದೋರು ಕೂತು ಎಣಿಸ್ತಾರೆ.”

ನನಗೆ ವಿಷಯ ಹೊಳೆದದ್ದು ಆಗಲೇ. ಕತೆ ಮುಗಿದರೆ ಅತ್ತಿಗೆಗೆ ಕೆಲಸವಿಲ್ಲ, ತಮ್ಮ ದಿನಾ ಬಾಗಿಲಿಗೆ ಬರುವುದೂ ಇಲ್ಲ. ಬೇಕೆಂದೇ ಎಳೆಯುತ್ತಿದ್ದಾರೆ. ಅತ್ತಿಗೆ ಡಾಕ್ಟರಿಗೆ ಕಣ್ಣು ತೋರಿಸಲು ಹೋದ ಒಂದು ಬೆಳಿಗ್ಗೆ ಧೂಳು ಒರೆಸುವ ಬಟ್ಟೆ ಹಿಡಿದು ಕೋಣೆಗೆ ನುಗ್ಗಿದೆ. ಚಕ್ರಗಳನ್ನು ತಿರುಗಿಸುತ್ತಾ ಹೋದೆ. ಎರಡು ಕಪ್ಪು ಗುರುತುಗಳು ಇನ್ನೇನು ಸೇರಬೇಕು, ತಾಮ್ರದ್ದು ಒಂದು ಹಲ್ಲು ಹಿಂದೆ ಉಳಿಯುತ್ತಿತ್ತು. ಮತ್ತೆ ತಿರುಗಿಸಿದರೂ ಅದೇ ಕತೆ. ಬೆರಳಾಡಿಸಿ ನೋಡಿದರೆ, ತಾಮ್ರದ ಚಕ್ರಕ್ಕೆ ಒಂದು ಹೆಚ್ಚಿನ ಹಲ್ಲನ್ನು ಬೇರೆ ರಟ್ಟಿನಲ್ಲಿ ಕತ್ತರಿಸಿ ಅಂಟಿಸಿ, ಮೇಲೆ ಬಣ್ಣ ಬಳಿದಿದ್ದರು. ಡ್ರೈವರುಗಳ ಮೇಲೆ ಆಡಿದ ಆಟವನ್ನೇ ಚಂದ್ರರ ಮೇಲೂ ಆಡಿದ್ದರು. ಕಳ್ಳಿ ಸಿಕ್ಕಿಬಿದ್ದಳು ಎಂದು ನನಗೆ ಖುಷಿಯೋ ಖುಷಿ.

ಅತ್ತಿಗೆ ಬರುವ ಹೊತ್ತಿಗೆ ಚಕ್ರ ಮೇಜಿನ ಮೇಲಿತ್ತು, ನಮ್ಮವರು ಎದುರಿಗೆ ಕೂತಿದ್ದರು.

“ಅತ್ತಿಗೆ, ಈ ಹಲ್ಲು ಯಾರು ಅಂಟಿಸಿದ್ದು?” ಎಂದೆ.

“ನಾನೇ.” ಕೈಚೀಲವನ್ನೂ ಕೆಳಗಿಡಲಿಲ್ಲ.

“ಯಾಕಕ್ಕಾ?” ಎಂದರು ನಮ್ಮವರು.

“ಅವಳು ಸಾಯೋದು ಬೇಡ ಅಂತ.”

“ಅದು ಕತೆ ಅಕ್ಕಾ!”

“ಕತೆನಾ? ಗಂಟು ಬಿಚ್ಚೋ ಮುಂಚೆ ಗಂಟಿಗೇ ಬಯ್ಯೋಳು ಯಾರೋ? ಕೋಪ ಬಂದ್ರೆ ಚಪ್ಪಲಿ ಬಿಟ್ಟು ನಡೆಯೋಳು ಯಾರು? ಅಮ್ಮನ್ನ ದೋಣಿ ಹತ್ತಿಸಿಬಿಟ್ರೆ ನಂಗೆ ಗುರುತು ಸಿಗಲ್ವಾ?”

ನಮ್ಮವರು ತಲೆ ತಗ್ಗಿಸಿದರು. ಅಂದರೆ ಅವರಿಗೂ ಗೊತ್ತಿತ್ತು. ನಾನು ಕಂಡೇ ಇಲ್ಲದ ಅತ್ತೆಯನ್ನು ಅಂಬಿಗಿತ್ತಿ ಎಂದು ಇಷ್ಟು ವರ್ಷ ನನ್ನಿಂದ ಓದಿಸಿದ್ದರು, ಅಕ್ಕ ತಮ್ಮ ಇಬ್ಬರೂ! ನನಗೆ ಮೈಯೆಲ್ಲ ಉರಿಯಿತು.

“ಅಮ್ಮ ಹೋಗೋವಾಗ ಹತ್ರ ಇದ್ದದ್ದು ನಾನೊಬ್ಳೇ. ಇನ್ನೊಂದ್ಸಲ ನನ್ನ ಕೈಯಾರೆ ಆ ದಿನ ತರಲ್ಲ ಕಣೋ” ಎಂದರು.

“ನನ್ನನ್ನ ಪಕ್ಕದ ಮನೆಗೆ ಆಡೋಕೆ ಕಳಿಸಿಬಿಟ್ಟೆ ನೀನು” ಎಂದರು ನಮ್ಮವರು. “ಅಮ್ಮ ಸಾಯ್ತಿದ್ರೆ ನಾನು ಅವರಂಗಳದಲ್ಲಿ ಕುಣೀತಿದ್ದೆ. ವಾಪಸ್ ಬಂದ್ರೆ ಮಂಚ ಖಾಲಿ. ಆಮೇಲೆ ಯಾರೂ ಏನೂ ಹೇಳ್ಲಿಲ್ಲ, ನೀನೂ ಹೇಳ್ಲಿಲ್ಲ. ಆ ದಿನ ನಂಗೆ ಸಿಗ್ಲೇ ಇಲ್ಲ ಅಕ್ಕಾ. ಅದಕ್ಕೇ ಬರೆಯೋಕೆ ಕೂತದ್ದು.”

ನನಗೆ ಅಳು ಬಂತು. ಯಾರ ಕಡೆ ನಿಂತು ಅಳಬೇಕೋ ತಿಳಿಯಲಿಲ್ಲ.

ಅತ್ತಿಗೆ ಕುರ್ಚಿ ಎಳೆದು ಕೂತರು. ಅಂಟಿಸಿದ ಹಲ್ಲನ್ನು ಉಗುರಿನಿಂದ ಕಿತ್ತರು. ನಮ್ಮವರು ಚಕ್ರಕ್ಕೆ ಕೈ ಚಾಚಿದರೆ, ಅತ್ತಿಗೆ ಅದನ್ನು ಪಕ್ಕಕ್ಕೆ ಸರಿಸಿದರು.

“ಅದು ಬಿಡು, ನಾನು ಹೇಳ್ತೀನಿ ಕೇಳು. ಅವತ್ತು ಎಚ್ಚರ ಆದ ಕೂಡ್ಲೇ ಅಮ್ಮ ಕೇಳಿದ್ದು ನಿನ್ನನ್ನೇ. ಪಕ್ಕದ ಮನೇಲಿ ಆಡ್ತಿದಾನಮ್ಮ, ಕರೀಲಾ ಅಂದೆ. ಕರೀಬೇಡ, ಕಿಟಕಿ ತೆಗಿ, ಅವನ ಗಲಾಟೆ ಕೇಳಿಸ್ಲಿ ಅಂದ್ಳು.”